ಖಾನಾ: ಬಾಯಲ್ಲಿ ಮೂರು ಮಟ್ಟ, ಬರಹದಲ್ಲಿ ಒಂದೂ ಇಲ್ಲ

ನೈಜೀರಿಯಾದ ಒಗೋನಿ ಜನ ಅಂದಕೂಡಲೇ ನೆನಪಾಗುವುದು ಕಚ್ಚಾ ಎಣ್ಣೆ, ಶೆಲ್ ಕಂಪನಿ, 1995ರಲ್ಲಿ ಗಲ್ಲಿಗೇರಿದ ಲೇಖಕ, ಹೋರಾಟಗಾರ ಕೆನ್ ಸಾರೋ-ವಿವಾ. ಸಾರೋ-ವಿವಾ ಅವರ ಮನೆಮಾತು ಖಾನಾ, ಅದರ ಸುದ್ದಿ ಮಾತ್ರ ಬರುವುದೇ ಇಲ್ಲ. ನೈಜೀರಿಯಾದ ರಿವರ್ಸ್ ರಾಜ್ಯದ ಬೋರಿ ಸುತ್ತಮುತ್ತ ಆಡುವ ಭಾಷೆ ಇದು. ಗೋಕಾನಾ, ಎಲೆಮೆ, ಬಾನ್ ಇದರ ದಾಯಾದಿಗಳು. ಎಲ್ಲವನ್ನೂ ಸೇರಿಸಿ 'ಒಗೋನಿ ಭಾಷೆ' ಅಂದುಬಿಡುತ್ತಾರೆ, ಅರ್ಧ ಗೊಂದಲ ಅಲ್ಲೇ ಶುರು.

ಮಿಷನರಿಗಳ ಕಾಲದಿಂದ 1967ರಲ್ಲಿ ರಿವರ್ಸ್ ರಾಜ್ಯ ಹುಟ್ಟುವವರೆಗೆ ನಡೆದದ್ದು ಇಷ್ಟೇ: ರೋಮನ್ ಲಿಪಿ ಬಂತು, ಶಾಲೆಯಲ್ಲಿ ಇಂಗ್ಲಿಷ್ ಕೂತಿತು, ಎಣ್ಣೆ ಸಿಕ್ಕಿತು. 1970ರ ದಶಕದಲ್ಲಿ ಭಾಷಾಶಾಸ್ತ್ರಜ್ಞೆ ಕೇ ವಿಲಿಯಮ್ಸನ್ ಮತ್ತು ಸಂಗಡಿಗರು ರಾಜ್ಯದ ಸಣ್ಣ ಭಾಷೆಗಳಿಗೆ ಓದುಪುಸ್ತಕ ಮಾಡಲು ಕೂತಾಗ ನಿಜವಾದ ತಲೆನೋವು ಎದುರಾಯಿತು, ಯಾಕಂದ್ರೆ ಈ ಭಾಷೆಗಳ ಸದ್ದುಗಳು ರೋಮನ್ ಅಕ್ಷರಕ್ಕೆ ಸುಲಭವಾಗಿ ಬಗ್ಗುವುದಿಲ್ಲ.

ಖಾನಾದ 'ಕ್ಪ' ನೋಡಿ. ನಾಲಿಗೆಯ ಹಿಂಭಾಗ 'ಕ'ಕ್ಕೆ ಅಂಟಬೇಕು, ಅದೇ ಹೊತ್ತಿಗೆ ತುಟಿ 'ಪ'ಕ್ಕೆ ಮುಚ್ಚಬೇಕು, ಎರಡನ್ನೂ ಒಟ್ಟಿಗೆ ಬಿಡಬೇಕು. ನಾವು ಹೇಳಹೋದರೆ ಒಂದಾದ ಮೇಲೊಂದು ಬರುತ್ತದೆ. 'ಗ್ಬ' ಕೂಡ ಹಾಗೇ. ಸ್ವರಗಳು ಏಳು, ಮೂಗಿನಿಂದ ಬರುವವು ಬೇರೆ ಐದು. ಇದರ ಮೇಲೆ ಟೋನ್, ಅಂದರೆ ದನಿಯ ಮಟ್ಟ: ಮೇಲು, ನಡು, ಕೆಳಗೆ. 'ಬಾ' ಅಂತ ಏರಿಸಿದರೂ ಇಳಿಸಿದರೂ ನಮಗೆ ಅದು 'ಬಾ'ನೇ, ಸಿಟ್ಟೋ ಪ್ರೀತಿಯೋ ಗೊತ್ತಾಗುತ್ತೆ ಅಷ್ಟೆ. ಖಾನಾದಲ್ಲಿ ಪದವೇ ಬೇರೆಯಾಗಬಹುದು. ಆದರೂ ನೈಜೀರಿಯಾದ ಎಷ್ಟೋ ಭಾಷೆಗಳ ಹಾಗೆ ಇಲ್ಲೂ ದಿನನಿತ್ಯದ ಬರಹದಲ್ಲಿ ಟೋನ್ ಗುರುತು ಹಾಕುವವರು ಕಡಿಮೆ. ಗೊತ್ತಿದ್ದವರು ಸಂದರ್ಭ ನೋಡಿ ಓದಿಕೊಳ್ಳುತ್ತಾರೆ ಸರಿ, ಪಟ್ಟಣದಲ್ಲಿ ಬೆಳೆದ ಮಗು ಏನು ಮಾಡಬೇಕು?

1990ರ ಒಗೋನಿ ಹಕ್ಕುಗಳ ಘೋಷಣೆ ಎಣ್ಣೆಯ ಪಾಲು ಮಾತ್ರ ಕೇಳಲಿಲ್ಲ. ಗೋಕಾನಾ, ಖಾನಾ ಭಾಷೆಗಳು ಕಣ್ಮರೆಯಾಗುವ ಸ್ಥಿತಿಯಲ್ಲಿವೆ ಅಂತಲೂ ಹೇಳಿತು. ಜಗತ್ತು ಎಣ್ಣೆಯ ಸಾಲುಗಳನ್ನಷ್ಟೇ ಓದಿತು. ಸಾರೋ-ವಿವಾ ಸತ್ತ ಮರುವರ್ಷ ಸುವಾನು ಇಕೊರೊ ಅವರ ಖಾನಾ ವ್ಯಾಕರಣ ಗ್ರಂಥ ಬಂತು, ಅದೂ ಹಾಲೆಂಡಿನ ಲೈಡನ್‌ನಿಂದ.

ಇನ್ನು ಶಾಲೆ. ಮೊದಲ ತರಗತಿಗಳು ಮಕ್ಕಳ ಭಾಷೆಯಲ್ಲೇ ನಡೆಯಲಿ ಅಂತ ನೈಜೀರಿಯಾದ 1977ರ ಶಿಕ್ಷಣ ನೀತಿ ಹೇಳಿತ್ತು. ಶಿಕ್ಷಕರು, ಪುಸ್ತಕ, ದುಡ್ಡು ಹಿಂದೆ ಬರಲಿಲ್ಲ. 2022ರ ಭಾಷಾ ನೀತಿ ಅದನ್ನೇ ಇನ್ನೂ ಜೋರಾಗಿ ಹೇಳಿತು. 2025ರ ನವೆಂಬರಿನಲ್ಲಿ ಸರ್ಕಾರ ಅದನ್ನು ರದ್ದು ಮಾಡಿ, ಶುರುವಿನಿಂದಲೇ ಇಂಗ್ಲಿಷ್ ಅಂದಿತು.