ಎಜ್ರಾ ಪೌಂಡ್‌ಗೆ ನಿಜವಾಗಿಯೂ ಹುಚ್ಚಿತ್ತಾ?

ಓದುಗರ ಪ್ರಶ್ನೆ: "ಪೌಂಡ್ ಮುಸ್ಸೊಲಿನಿ ಪರವಾಗಿ ರೇಡಿಯೋದಲ್ಲಿ ಮಾತಾಡಿದ್ದು ತಲೆ ಕೆಟ್ಟಿದ್ದಾಗ ತಾನೇ? ಕೋರ್ಟೇ ಹಾಗೆ ಹೇಳಿದೆಯಲ್ಲ. ಹಾಗಿದ್ದ ಮೇಲೆ ಅದನ್ನೆಲ್ಲ ಪಕ್ಕಕ್ಕಿಟ್ಟು ಕವಿತೆ ಮಾತ್ರ ಓದಬಹುದು ಅಲ್ವಾ?"

ಇಂಗ್ಲಿಷ್ ಎಂ.ಎ. ತರಗತಿಯಲ್ಲಿ ಟಿ.ಎಸ್. ಎಲಿಯಟ್‌ನ 'ದಿ ವೇಸ್ಟ್ ಲ್ಯಾಂಡ್' ಕವಿತೆ ಶುರುವಾದ ಕೂಡಲೇ ಈ ಪ್ರಶ್ನೆ ಬರುತ್ತದೆ. ಎಲಿಯಟ್ ಆ ಕವಿತೆಯನ್ನು ಅರ್ಪಿಸಿದ್ದು ಪೌಂಡ್‌ಗೆ, ಅದನ್ನು ಕತ್ತರಿಸಿ ಈಗಿನ ರೂಪಕ್ಕೆ ತಂದವನೂ ಪೌಂಡ್. ಯಾರಪ್ಪಾ ಇವನು ಎಂದು ವಿದ್ಯಾರ್ಥಿಗಳು ಹುಡುಕಿದರೆ ಸಿಗೋದು ಒಂದೇ ಸಾಲಿನ ಕತೆ: ಅಮೆರಿಕದ ದೊಡ್ಡ ಕವಿ, ಆಮೇಲೆ ಹುಚ್ಚು ಹಿಡಿಯಿತು, ಫ್ಯಾಸಿಸ್ಟ್ ಆದ, ಆಸ್ಪತ್ರೆಗೆ ಹಾಕಿದರು. ಈ ಕತೆಯನ್ನು ಎಷ್ಟು ಸಲ ತಿದ್ದಿದರೂ ಮುಂದಿನ ವರ್ಷ ಹಾಗೇ ವಾಪಸ್ ಬರುತ್ತದೆ. ಇವತ್ತು ಪೂರ್ತಿಯಾಗಿಯೇ ಬರೆದುಬಿಡುತ್ತೇನೆ.

ಮೊದಲನೆಯದು, ಕೋರ್ಟ್ ಹಾಗೆ ಹೇಳಲಿಲ್ಲ. 1946ರ ಫೆಬ್ರವರಿ 13ರಂದು ವಾಷಿಂಗ್ಟನ್‌ನಲ್ಲಿ ಜ್ಯೂರಿಯ ಮುಂದಿದ್ದ ಪ್ರಶ್ನೆ ಬಹಳ ಚಿಕ್ಕದು. ಈ ಮನುಷ್ಯ ಈಗ, ಈ ಹೊತ್ತಿನಲ್ಲಿ, ವಕೀಲರ ಜೊತೆ ಕೂತು ತನ್ನ ಕೇಸು ನಡೆಸುವ ಸ್ಥಿತಿಯಲ್ಲಿ ಇದ್ದಾನಾ? ಕೆಲವೇ ನಿಮಿಷಗಳಲ್ಲಿ ಜ್ಯೂರಿ ಇಲ್ಲ ಎಂದಿತು. ಅಷ್ಟೇ. ಅಮೆರಿಕದ ಪ್ರಜೆಯಾಗಿದ್ದುಕೊಂಡು 1941ರಿಂದ 1943ರವರೆಗೆ, ಯುದ್ಧದ ಹೊತ್ತಿನಲ್ಲಿ, ಮುಸ್ಸೊಲಿನಿಯ ಇಟಲಿಯ ರೋಮ್ ರೇಡಿಯೋದಲ್ಲಿ ಮಾತಾಡುವಾಗ ಅವನ ಬುದ್ಧಿ ಸರಿ ಇತ್ತೋ ಇಲ್ಲವೋ ಎಂದು ಯಾರೂ ತೀರ್ಮಾನಿಸಲೇ ಇಲ್ಲ. ದೇಶದ್ರೋಹದ ವಿಚಾರಣೆ ನಡೆಯಲೇ ಇಲ್ಲ. ಅವನು ತಪ್ಪಿತಸ್ಥ ಎಂದೂ ಸಾಬೀತಾಗಲಿಲ್ಲ, ನಿರ್ದೋಷಿ ಎಂದೂ ಆಗಲಿಲ್ಲ. 'ಹುಚ್ಚು ಎಂದು ಬಿಟ್ಟುಬಿಟ್ಟರು' ಅನ್ನುವವರು ಈ ವ್ಯತ್ಯಾಸವನ್ನು ದಯವಿಟ್ಟು ಗಮನಿಸಬೇಕು. ಬಿಡಲೂ ಇಲ್ಲ. ವಾಷಿಂಗ್ಟನ್‌ನ ಸೇಂಟ್ ಎಲಿಜಬೆತ್ಸ್ ಮಾನಸಿಕ ಆಸ್ಪತ್ರೆಯಲ್ಲಿ 12 ವರ್ಷ ಇಟ್ಟುಕೊಂಡು, 1958ರ ಏಪ್ರಿಲ್ 18ರಂದು ಆರೋಪವನ್ನು ಕೈಬಿಟ್ಟರು.

ಎರಡನೆಯದು, ಆಗಿನ ಹೊತ್ತು ಎಂಥದ್ದು ನೋಡಿ. ಜರ್ಮನಿಯಿಂದ ನಾಜಿಗಳ ಪರ ರೇಡಿಯೋ ಭಾಷಣ ಮಾಡಿದ ವಿಲಿಯಂ ಜಾಯ್ಸ್‌ನನ್ನು ಬ್ರಿಟನ್ 1946ರ ಜನವರಿಯಲ್ಲಿ ಗಲ್ಲಿಗೇರಿಸಿತ್ತು. ಪೌಂಡ್‌ನ ಮನಸ್ಥಿತಿಯ ಪ್ರಶ್ನೆ ಜ್ಯೂರಿ ಮುಂದೆ ಬಂದದ್ದು ಅದರ ಮುಂದಿನ ತಿಂಗಳು. ಅವನ ವಕೀಲ ಜೂಲಿಯನ್ ಕಾರ್ನೆಲ್‌ಗೆ, ಸ್ನೇಹಿತರಿಗೆ, ಎಲ್ಲರಿಗೂ ಮೊದಲು ಜೀವ ಉಳಿಯಬೇಕಿತ್ತು. ಸರ್ಕಾರಕ್ಕೂ ಒಂದು ತಲೆನೋವಿತ್ತು. ಅಮೆರಿಕದ ಸಂವಿಧಾನದ ಪ್ರಕಾರ ದೇಶದ್ರೋಹ ಸಾಬೀತಾಗಲು ಒಂದೇ ಕೃತ್ಯವನ್ನು ಕಣ್ಣಾರೆ ಕಂಡ ಇಬ್ಬರು ಸಾಕ್ಷಿ ಬೇಕು. ಇಟಲಿಯಿಂದ ರೇಡಿಯೋ ತಂತ್ರಜ್ಞರನ್ನು ಕರೆಸಿದರು, ಆದರೆ ಅವರಿಗೆ ಇಂಗ್ಲಿಷ್ ಬರುತ್ತಿರಲಿಲ್ಲ. ಪೌಂಡ್ ಏನು ಹೇಳಿದ ಎಂದು ಅವರು ಹೇಗೆ ಹೇಳಬೇಕು? ಹೀಗಾಗಿ 'ಮನಸ್ಸು ಸರಿಯಿಲ್ಲ' ಅನ್ನುವ ದಾರಿ ಎರಡೂ ಕಡೆಯವರಿಗೆ ಅನುಕೂಲವಾಯಿತು.

ಇನ್ನು ವೈದ್ಯರ ವಿಷಯ. 1945ರ ಮೇ ತಿಂಗಳಲ್ಲಿ ಅಮೆರಿಕದ ಸೇನೆ ಅವನನ್ನು ಪೀಸಾ ಹತ್ತಿರದ ಶಿಬಿರಕ್ಕೆ ತಂದು, ಬಯಲಿನ ಕಬ್ಬಿಣದ ಬೋನಿನಲ್ಲಿ ಸುಮಾರು ಮೂರು ವಾರ ಇಟ್ಟಿತು. ರಾತ್ರಿಯಿಡೀ ದೀಪ. ಆಗ ಅವನಿಗೆ ಅರವತ್ತು ವರ್ಷ ಆಗುತ್ತಾ ಬಂದಿತ್ತು. ಮುರಿದುಬಿದ್ದ, ನೆನಪು ಕೈಕೊಟ್ಟಿತು, ಭಯ ಹಿಡಿಯಿತು. ಇದು ನಿಜ, ಇದನ್ನು ಯಾರೂ ಅಲ್ಲಗಳೆಯುವುದಿಲ್ಲ. ಆದರೆ ಅಲ್ಲಿ ಪರೀಕ್ಷೆ ಮಾಡಿದ ಸೇನೆಯ ಮನೋವೈದ್ಯರಿಗೆ ಭ್ರಮೆಯ ಕಾಯಿಲೆ ಕಾಣಲಿಲ್ಲ. ಟೆಂಟಿಗೆ ಸಾಗಿಸಿದ ಮೇಲೆ ಅವನು ಚೇತರಿಸಿಕೊಂಡು, ಶಿಬಿರದ ಟೈಪ್‌ರೈಟರ್‌ನಲ್ಲೇ ಪೀಸಾ ಕ್ಯಾಂಟೋಗಳನ್ನು ಟೈಪ್ ಮಾಡಿದ (ಕ್ಯಾಂಟೋ ಅಂದರೆ ಅವನ ದೀರ್ಘ ಕಾವ್ಯದ ಒಂದೊಂದು ಭಾಗ). ವಾಷಿಂಗ್ಟನ್‌ಗೆ ಬಂದ ಮೇಲೆ ಸೇಂಟ್ ಎಲಿಜಬೆತ್ಸ್‌ನ ಮುಖ್ಯಸ್ಥ ವಿನ್‌ಫ್ರೆಡ್ ಓವರ್‌ಹೋಲ್ಸರ್ ಸೇರಿ ನಾಲ್ವರು ವೈದ್ಯರು ವಿಚಾರಣೆಗೆ ಯೋಗ್ಯನಲ್ಲ ಎಂದು ಬರೆದರು. ಅದೇ ಆಸ್ಪತ್ರೆಯ ಕಿರಿಯ ವೈದ್ಯರಲ್ಲಿ ಹಲವರು ಇದನ್ನು ಒಪ್ಪಿರಲಿಲ್ಲ.

ವಿದ್ವಾಂಸರು ಏನನ್ನುತ್ತಾರೆ? ಇಲ್ಲೇ ನಿಜವಾದ ವಿಷಯ ಇದೆ. ಅದೇ ಆಸ್ಪತ್ರೆಯಲ್ಲಿ ಕೆಲಸ ಮಾಡಿದ ಮನೋವೈದ್ಯ ಫುಲರ್ ಟೋರಿ, ಹಳೆಯ ಕಡತಗಳನ್ನು ತೆಗೆಸಿ 1984ರಲ್ಲಿ ಒಂದು ಪುಸ್ತಕ ಬರೆದರು. ಪೌಂಡ್‌ಗೆ ಹುಚ್ಚಿರಲಿಲ್ಲ, ಓವರ್‌ಹೋಲ್ಸರ್ ಅವನನ್ನು ಕಾಪಾಡಿದರು ಎಂಬುದು ಅವರ ವಾದ. ಅವರಿಗೆ ಪೌಂಡ್ ಮೇಲೆ ಎಳ್ಳಷ್ಟೂ ಮರುಕ ಇಲ್ಲ. ಇತ್ತ 2015ರಲ್ಲಿ ಮೂರು ಸಂಪುಟಗಳ ಜೀವನಚರಿತ್ರೆ ಮುಗಿಸಿದ ಡೇವಿಡ್ ಮೂಡಿ, ಪೌಂಡ್ ಕಡೆ ಸಾಕಷ್ಟು ಒಲವಿರುವವರು. ಅವರೂ ಹುಚ್ಚಿರಲಿಲ್ಲ ಎಂದೇ ಹೇಳುತ್ತಾರೆ, ಆದರೆ ಹುಚ್ಚಿನ ವಾದ ಹೂಡಿ ಅವನಿಗೆ ಸಿಗಬೇಕಾದ ವಿಚಾರಣೆಯನ್ನೇ ತಪ್ಪಿಸಿದರು ಎಂಬುದು ಅವರ ದೂರು. ಒಬ್ಬರು ಕಟಕಟೆಗೆ ಎಳೆಯುವವರು, ಇನ್ನೊಬ್ಬರು ಪರ ನಿಲ್ಲುವವರು. ಈ ಒಂದು ಮಾತಿನಲ್ಲಿ ಮಾತ್ರ ಇಬ್ಬರಿಗೂ ಜಗಳವಿಲ್ಲ.

ರೇಡಿಯೋ ಭಾಷಣಗಳನ್ನೇ ಓದಿ ನೋಡಿ. ಲಿಯೊನಾರ್ಡ್ ಡೂಬ್ ನೂರಕ್ಕೂ ಹೆಚ್ಚನ್ನು ಸೇರಿಸಿ 1978ರಲ್ಲಿ ಪ್ರಕಟಿಸಿದ್ದಾರೆ. ಮಾತು ಎಲ್ಲೆಲ್ಲಿಗೋ ಹಾರುತ್ತದೆ, ಕೂಗಾಟ ಇದೆ, ಯಹೂದಿಗಳ ಮೇಲೆ ಅಸಹ್ಯವಾದ ದ್ವೇಷ ಇದೆ. ಆದರೆ ಅವು ಬಾಯಿಗೆ ಬಂದ ಮಾತಲ್ಲ. ಮೊದಲೇ ಬರೆದು, ರೋಮ್‌ಗೆ ಹೋಗಿ ರೆಕಾರ್ಡ್ ಮಾಡಿ, ದುಡ್ಡು ತೆಗೆದುಕೊಂಡದ್ದು. 1943ರ ಜುಲೈನಲ್ಲಿ ಆರೋಪ ಬಂದಾಗ ಅವನು ಅಮೆರಿಕದ ಅಟಾರ್ನಿ ಜನರಲ್‌ಗೆ ಪತ್ರ ಬರೆದು, ಇದು ನನ್ನ ವಾಕ್ ಸ್ವಾತಂತ್ರ್ಯ ಎಂದು ವಾದಿಸಿದ. ವಾದ ಸರಿಯೋ ತಪ್ಪೋ ಬೇರೆ ಮಾತು, ಆದರೆ ಅದು ತನ್ನ ಮೇಲಿನ ಆರೋಪ ಏನೆಂದು ಚೆನ್ನಾಗಿ ಗೊತ್ತಿದ್ದವನ ಪತ್ರ. ಮ್ಯಾಥ್ಯೂ ಫೆಲ್ಡ್‌ಮನ್ 2013ರ ಪುಸ್ತಕದಲ್ಲಿ ಅವನ ಫ್ಯಾಸಿಸ್ಟ್ ಪ್ರಚಾರದ ಲೆಕ್ಕವನ್ನು 1935ರಿಂದಲೇ ಶುರು ಮಾಡುತ್ತಾರೆ. ಹತ್ತು ವರ್ಷ ಒಂದೇ ದಿಕ್ಕಿನಲ್ಲಿ ನಡೆದವನಿಗೆ ದಾರಿ ತಪ್ಪಿತು ಅಂತ ಸುಮ್ನೆ ಹೇಳಿಬಿಡೋಕೆ ಆಗಲ್ಲ.

'ಪಕ್ಕಕ್ಕಿಟ್ಟು ಕವಿತೆ ಮಾತ್ರ' ಅನ್ನುವುದು ಆಗದ ಮಾತು ಯಾಕೆಂದರೆ, ರೇಡಿಯೋದಲ್ಲಿ ಇರುವುದೇ ಕವಿತೆಯಲ್ಲೂ ಇದೆ. ಬಡ್ಡಿ ವ್ಯವಹಾರದ ಮೇಲಿನ 45ನೆಯ ಕ್ಯಾಂಟೋ ಅದ್ಭುತ ಕವಿತೆ, ಗಟ್ಟಿಯಾಗಿ ಓದಿದರೆ ಮೈ ಜುಮ್ಮೆನ್ನುತ್ತದೆ. ಅದೇ ಬಡ್ಡಿಯ ಕೋಪ 52ನೆಯದರಲ್ಲಿ ಯಹೂದಿಗಳ ಮೇಲೆ ತಿರುಗುತ್ತದೆ. 1940ರಲ್ಲಿ ಪ್ರಕಾಶಕರು ಅಲ್ಲಿನ ಕೆಲವು ಸಾಲುಗಳಿಗೆ ಕಪ್ಪು ಪಟ್ಟಿ ಹೊಡೆದು ಅಚ್ಚು ಹಾಕಬೇಕಾಯಿತು. ಇಟಾಲಿಯನ್‌ನಲ್ಲಿ ಬರೆದ 72 ಮತ್ತು 73ನೆಯ ಕ್ಯಾಂಟೋಗಳು ಫ್ಯಾಸಿಸ್ಟರ ಪರವಾಗಿಯೇ ಇವೆ, ಸಂಗ್ರಹದಲ್ಲಿ ಅವು ಸೇರಿದ್ದು ಅವನು ಸತ್ತು ಎಷ್ಟೋ ವರ್ಷಗಳ ಮೇಲೆ. ಒಳ್ಳೆಯ ಸಾಲಿಗೆ ಪ್ರತಿಭೆ ಕಾರಣ, ಕೆಟ್ಟ ಸಾಲಿಗೆ ಕಾಯಿಲೆ ಕಾರಣ ಎಂದು ಹಂಚುವುದು ಓದುಗರಿಗೆ ಆರಾಮ. ನಿಜವಾಗಿ ಮಾನಸಿಕ ಕಾಯಿಲೆ ಇರುವವರಿಗೆ ಅದು ಅನ್ಯಾಯ ಕೂಡ, ದ್ವೇಷ ಕಾಯಿಲೆಯ ಲಕ್ಷಣ ಅಲ್ಲವಲ್ಲ.

ಯಾರೂ ಕೇಳಿಲ್ಲ, ಆದರೂ ಹೇಳುತ್ತೇನೆ: ಅವನು ಪಶ್ಚಾತ್ತಾಪ ಪಟ್ಟನಾ? 1958ರ ಜುಲೈನಲ್ಲಿ ಹಡಗು ನೇಪಲ್ಸ್ ಮುಟ್ಟಿದಾಗ ಪತ್ರಿಕೆಯವರ ಮುಂದೆ ಕೈ ಎತ್ತಿ ಫ್ಯಾಸಿಸ್ಟ್ ಸೆಲ್ಯೂಟ್ ಹೊಡೆದ. ಕೊನೆಯ ವರ್ಷಗಳಲ್ಲಿ ಮಾತೇ ಕಡಿಮೆ ಮಾಡಿದ. 1967ರಲ್ಲಿ ವೆನಿಸ್‌ನಲ್ಲಿ ಕವಿ ಅಲೆನ್ ಗಿನ್ಸ್‌ಬರ್ಗ್ ಭೇಟಿಯಾದಾಗ, ಯಹೂದಿ ದ್ವೇಷವೇ ತಾನು ಮಾಡಿದ ಅತಿ ದೊಡ್ಡ ತಪ್ಪು ಎಂದು ಒಪ್ಪಿಕೊಂಡ. ಗಿನ್ಸ್‌ಬರ್ಗ್ ಯಹೂದಿ ಮನೆತನದವರು. ಕೆಲವರಿಗೆ ಇಷ್ಟು ಸಾಕು. ನನಗೆ ಸಾಲದು. ಊರಿಗೆಲ್ಲ ಕೇಳುವಂತೆ ಎರಡು ವರ್ಷ ಹೇಳಿದ್ದನ್ನು ಒಬ್ಬ ಅತಿಥಿಯ ಮುಂದೆ ವಾಪಸ್ ತೆಗೆದುಕೊಂಡರೆ ಲೆಕ್ಕ ಸರಿಹೋಗಲ್ಲ. ಆದರೂ ಆ ಮಾತು ಆಡಿದ್ದಕ್ಕೆ ಬೆಲೆ ಇದೆ, ಅದನ್ನು ಬಿಟ್ಟು ಹೇಳುವುದೂ ತಪ್ಪು.

ಹಾಗಾದರೆ ಎಲ್ಲಿಂದ ಓದಬೇಕು ಅಂದರೆ, ಪೀಸಾ ಕ್ಯಾಂಟೋಗಳಿಂದಲೇ. 1949ರಲ್ಲಿ ಕಾವ್ಯಕ್ಕೆ ಕೊಡುವ ಬೋಲಿಂಗನ್ ಪ್ರಶಸ್ತಿ ಬಂದು ಅಮೆರಿಕವೆಲ್ಲ ಗಲಾಟೆ ಎದ್ದದ್ದು ಇವುಗಳ ಮೇಲೇ. ಎಲ್ಲರೂ ನೇರ 81ಕ್ಕೆ ಹೋಗುತ್ತಾರೆ, ಅಹಂಕಾರ ಬಿಡು ಎಂದು ಹೇಳುವ ಆ ಭಾಗ ಅಷ್ಟು ಚೆನ್ನಾಗಿದೆ. ನೀವು 74ರಿಂದ ಶುರು ಮಾಡಿ. ಅದರ ಮೊದಲ ಸಾಲುಗಳಲ್ಲೇ ಅವನು ಮುಸ್ಸೊಲಿನಿಯ ಸಾವಿಗೆ ಅಳುತ್ತಿದ್ದಾನೆ. ಅಲ್ಲಿಂದ ಒಂದನ್ನೂ ಬಿಡದೆ ಓದಿಕೊಂಡು 81ಕ್ಕೆ ಬನ್ನಿ.