ಅಲುಗಾಡುವ ಖುರ್ಚಿಗೆ ನೀರು ಹಾಕಬೇಡಿ

"ಕಾಲಿಗೆ ಒಂದ್ ತಂಬಗಿ ನೀರ್ ಸುರೀರಿ, ತಾನ ಬಿಗಿ ಆಗ್ತದ." ಕಟ್ಟಿಗೆಯ ಖುರ್ಚಿ ಕಿರ್ರೆನ್ನತೊಡಗಿದಾಗ ನಮ್ಮ ಹುಬ್ಬಳ್ಳಿ-ಧಾರವಾಡದ ಕಡೆ ಕೇಳಿಬರುವ ಸಲಹೆ ಇದು. ಬಿಗಿ ಆಗುವುದೂ ನಿಜ, ಒಂದೆರಡು ದಿನದ ಮಟ್ಟಿಗೆ. ಆಮೇಲೆ ಅದೇ ಖುರ್ಚಿ ಮೊದಲಿಗಿಂತ ಜೋರಾಗಿ ಅಲುಗಾಡುತ್ತದೆ. ಆಗ ಬಯ್ಗುಳ ಬಡಿಗೇರನ ಪಾಲಿಗೆ: ಹಸಿ ಕಟ್ಟಿಗೆ ಹಾಕಿದ, ಅಂಟು ಉಳಿಸಿದ, ಈಗಿನವರಿಗೆ ಕೆಲಸವೇ ಬರುವುದಿಲ್ಲ. ಖುರ್ಚಿಯನ್ನು ಸಡಿಲ ಮಾಡಿದ್ದು ಹೆಚ್ಚಿನ ಸಲ ಬಡಿಗೇರನಲ್ಲ, ಜುಲೈ ಮತ್ತು ಏಪ್ರಿಲ್.

ಕಟ್ಟಿಗೆಯನ್ನು ಕಣಿಕಿಯ ಸಿವುಡು ಎಂದುಕೊಳ್ಳಿ: ಉದ್ದಕ್ಕೆ ಸಾಗುವ ಟೊಳ್ಳು ಕೊಳವೆಗಳನ್ನು ಒತ್ತಾಗಿ ಕಟ್ಟಿದ್ದು. ಗಾಳಿಯಲ್ಲಿನ ತೇವ ಈ ಕೊಳವೆಗಳ ಗೋಡೆಯೊಳಗೆ ಸೇರಿದಾಗ ಗೋಡೆ ದಪ್ಪವಾಗುತ್ತದೆ. ಹೀಗಾಗಿ ಕಟ್ಟಿಗೆ ಅಡ್ಡಕ್ಕೆ ಉಬ್ಬುತ್ತದೆ, ಉದ್ದಕ್ಕೆ ಹೆಚ್ಚುಕಡಿಮೆ ಅಷ್ಟೇ ಇರುತ್ತದೆ. ಈಗ ಖುರ್ಚಿಯ ಕಾಲನ್ನು ನೋಡಿ. ಕಾಲಿನ ಎಳೆ ಮೇಲಿನಿಂದ ಕೆಳಕ್ಕೆ, ಸೀಟನ್ನು ಹೊರುವ ಅಡ್ಡಪಟ್ಟಿಯ ಎಳೆ ನೆಲಕ್ಕೆ ಸಮವಾಗಿ. ಪಟ್ಟಿಯ ತುದಿಯನ್ನು ಸಣ್ಣದಾಗಿ ಕೆತ್ತಿ ಕಾಲಿನಲ್ಲಿ ಕೊರೆದ ಚೌಕು ತೂತಿಗೆ ಸೇರಿಸಿರುತ್ತಾರೆ. ಮಳೆಗಾಲದಲ್ಲಿ ಈ ತುದಿ ಎತ್ತರದಲ್ಲಿ ಬೆಳೆಯಬೇಕು. ತೂತಿನ ಎತ್ತರ ಕಾಲಿನ ಎಳೆಯ ದಿಕ್ಕಿನಲ್ಲೇ ಇರುವುದರಿಂದ ಅದು ಬೆಳೆಯುವುದಿಲ್ಲ. ಜಾಗ ಸಿಗದ ತುದಿಯ ಎಳೆಗಳು ಅಲ್ಲೇ ಜಜ್ಜಿಹೋಗುತ್ತವೆ.

ಜಜ್ಜಿದ್ದು ಮರಳುವುದಿಲ್ಲ. ಅಡ್ಡಕ್ಕೆ ಸುಮಾರು ಶೇ. 1ರಷ್ಟು ಅದುಮುವವರೆಗೆ ಕಟ್ಟಿಗೆ ಹಿಂದಿನ ಅಳತೆಗೆ ಬರುತ್ತದೆ. ಅದನ್ನು ದಾಟಿದರೆ ಗೋಡೆಗಳು ಶಾಶ್ವತವಾಗಿ ಮಡಚಿಕೊಳ್ಳುತ್ತವೆ. ಬೇಸಿಗೆಯಲ್ಲಿ ತುದಿ ಒಣಗಿ ಕುಗ್ಗುವುದು ಈ ಜಜ್ಜಿದ ಅಳತೆಯಿಂದ. ಹಾಗಾಗಿ ಹೊಸದಿದ್ದಾಗಿನ ಅಳತೆಗಿಂತ ಚಿಕ್ಕದಾಗುತ್ತದೆ, ತೂತು ಮಾತ್ರ ಇದ್ದ ಹಾಗೇ ಇರುತ್ತದೆ. ಆ ಸಂದಿಯೇ ಕಿರ್ರೆನ್ನುವುದು.

ಲೆಕ್ಕ ಹಾಕಿ ನೋಡಬಹುದು. ಗಾಳಿಯ ತೇವಾಂಶ ಶೇ. 30 ಇದ್ದಾಗ ಕಟ್ಟಿಗೆಯೊಳಗೆ ಅದರ ಒಣ ತೂಕದ ಶೇ. 6ರಷ್ಟು ನೀರು ನಿಲ್ಲುತ್ತದೆ, ಶೇ. 85 ಆದರೆ ಸುಮಾರು ಶೇ. 18. ಹಸಿಯಿಂದ ಪೂರ್ತಿ ಒಣಗುವವರೆಗೆ ಸಾಗವಾನಿ ಕಾಂಡದೊಳಗಿನ ವರ್ಷದ ಬಳೆಗಳ ಗುಂಟ ಕುಗ್ಗುವುದು ಶೇ. 6ಕ್ಕೆ ಹತ್ತಿರ, ಬಳೆಗಳನ್ನು ದಾಟುವ ದಿಕ್ಕಿನಲ್ಲಿ ಅದರ ಅರ್ಧ. 60 ಮಿಲಿಮೀಟರ್ ಎತ್ತರದ ಪಟ್ಟಿಯ ಎತ್ತರ ಬಳೆಗಳ ಗುಂಟ ಇದ್ದು, ಅದರ ನೀರು ಶೇ. 6 ಮತ್ತು ಶೇ. 18ರ ನಡುವೆ ಪೂರ್ತಿ ಓಡಾಡಿದರೆ ಒಂದು ಮಿಲಿಮೀಟರಿಗೂ ಹೆಚ್ಚು ಬದಲಾಗುತ್ತದೆ. ದಾಂಡೇಲಿ ಕಡೆಯ ಸಾಗವಾನಿಗೆ ಇರುವ ಹೆಸರು ಬರೀ ಗೆದ್ದಲಿನ ಲೆಕ್ಕದ್ದಲ್ಲ, ಅದು ಕಡಿಮೆ ಉಬ್ಬುವ ಕಟ್ಟಿಗೆ ಕೂಡ. ಮತ್ತಿ ಮರದ ಕಟ್ಟಿಗೆ ಇನ್ನೂ ಹೆಚ್ಚು ಉಬ್ಬುತ್ತದೆ. 1922ರಲ್ಲಿ ಈಜಿಪ್ಟಿನ ದೊರೆ ಟುಟಾಂಖಾಮನ್ ಗೋರಿ ತೆರೆದಾಗ 3,300 ವರ್ಷ ಹಳೆಯ ಖುರ್ಚಿಗಳು ನೆಟ್ಟಗೆ ನಿಂತಿದ್ದವು. ಅವುಗಳ ಜೋಡಣೆಯೂ ಇದೇ ಬಗೆಯದು: ತೂತು, ತುದಿ. ಅದನ್ನು ಮಂತ್ರದ ಮಹಿಮೆ ಎನ್ನುವವರಿದ್ದಾರೆ. ಒಣ ಗಾಳಿ, ವರ್ಷವಿಡೀ ಒಂದೇ ಸಮ ಇದ್ದ ಗಾಳಿ ಎಂದರೆ ಸಾಕು. ಧಾರವಾಡದ ನಾಲ್ಕು ಮಳೆಗಾಲ ಕಂಡಿದ್ದರೆ ದೊರೆಯ ಖುರ್ಚಿಯೂ ಕಿರ್ರೆನ್ನುತ್ತಿತ್ತು.

ನೀರು ಸುರಿಯುವ ಉಪಾಯ ಬಂದಿದ್ದು ಚಕ್ಕಡಿಯಿಂದ ಇರಬೇಕು. ಬೇಸಿಗೆಯಲ್ಲಿ ಗಾಲಿ ಸಡಿಲಾದರೆ ರೈತರು ಅದನ್ನು ಹಳ್ಳದಲ್ಲೋ ಕೆರೆಯಲ್ಲೋ ನೆನೆಹಾಕುತ್ತಿದ್ದರು. ಆದರೆ ಗಾಲಿಗೆ ಹೊರಗಿನಿಂದ ಕಬ್ಬಿಣದ ಹಳಿ ಇದೆ. ಕಾಯಿಸಿ ಹಿಗ್ಗಿಸಿ ಹಾಕಿ, ನೀರೆರೆದು ಕುಗ್ಗಿಸಿದಾಗ ಅದು ಎಲ್ಲ ಭಾಗಗಳನ್ನೂ ಒಟ್ಟಿಗೆ ಒಳಕ್ಕೆ ಅದುಮುತ್ತದೆ. ಅಲ್ಲಿಯೂ ನೆನೆಹಾಕುವುದು ಸಂತೆಗೆ ಹೋಗಿಬರುವವರೆಗಿನ ಪರಿಹಾರವೇ: ಕೆಲವು ವರ್ಷಕ್ಕೆ ಕಮ್ಮಾರನ ಬಳಿ ಹಳಿಯನ್ನು ಕತ್ತರಿಸಿ ಗಿಡ್ಡ ಮಾಡಿ ಮತ್ತೆ ಕಟ್ಟಿಸಲೇಬೇಕು. ಖುರ್ಚಿಗೆ ಹಳಿ ಎಲ್ಲಿದೆ?

ಹಳಿಯ ಕೆಲಸ ಮಾಡುವ ಪೀಠೋಪಕರಣ ನಮ್ಮ ಹಳ್ಳಿಗಳಲ್ಲಿ ಇತ್ತು, ಅದು ಹೊರಸು. ಪುಂಡಿ ನಾರಿನ ಹಗ್ಗ ಹೆಣೆದು ಎಳೆದಾಗ ನಾಲ್ಕೂ ಪಟ್ಟಿಗಳು ಕಾಲುಗಳ ಕಡೆಗೆ ಒತ್ತಿಕೊಳ್ಳುತ್ತವೆ. ತೂತಿನೊಳಗೆ ತುದಿ ಸ್ವಲ್ಪ ಆಡಿದರೂ ಚಿಂತೆಯಿಲ್ಲ, ಅಂಟು ಬೇಕಿಲ್ಲ. ಸಡಿಲಾದರೆ ಕಾಲ್ದೆಸೆಯ ಹಗ್ಗ ಎಳೆದು ಬಿಗಿದರಾಯಿತು. ಖುರ್ಚಿ ಮಾಡಿದವರು ಈ ಜಾಣತನದ ಹತ್ತಿರಕ್ಕೂ ಬಹಳ ಕಾಲ ಬರಲಿಲ್ಲ ಎಂದೇ ನನ್ನ ಅನಿಸಿಕೆ.

ಖುರ್ಚಿ ಇಲ್ಲಿ ಮನೆಮಾತಾದದ್ದು ತಡವಾಗಿ. ಅದಕ್ಕೂ ಮೊದಲು ಕೂರಲು ನವಲಗುಂದದ ಜಮಖಾನ, ಚಾಪೆ, ಮಣೆ, ಸಾಹುಕಾರರಲ್ಲಿ ಗಾದಿ-ಲೋಡು. ಸ್ವಿಟ್ಜರ್ಲೆಂಡಿನ ಕ್ರೈಸ್ತ ಸಂಸ್ಥೆ ಬಾಸೆಲ್ ಮಿಷನ್ 1837ರಲ್ಲಿ ಧಾರವಾಡಕ್ಕೆ, 1839ರಲ್ಲಿ ಹುಬ್ಬಳ್ಳಿಗೆ, 1841ರಲ್ಲಿ ಗದಗ-ಬೆಟಗೇರಿಗೆ ಬಂತು. ಮಿಷನ್ನಿನಂಥವರ ಸಾಲಿಗಳು, ಕಲೆಕ್ಟರ್ ಕಚೇರಿ, ಆಮೇಲೆ ರೈಲ್ವೆ, ಇವುಗಳ ಜೊತೆ ಖುರ್ಚಿ ಹರಡಿತು. ಅದರಲ್ಲಿ ಯಾರು ಕೂರಬಹುದು ಎಂಬುದು ಕಟ್ಟಿಗೆಯ ವಿಷಯವಾಗಿರಲಿಲ್ಲ. ಉತ್ತರ ಭಾರತದಲ್ಲಿ ಬ್ರಿಟಿಷರು ಆಯ್ದ ಗಣ್ಯರಿಗೆ 'ಕುರ್ಸಿ ನಶೀನ್' ಎಂಬ ಪತ್ರವನ್ನೇ ಕೊಡುತ್ತಿದ್ದರು, ಸಾಹೇಬರ ಎದುರು ಖುರ್ಚಿಯಲ್ಲಿ ಕೂರಲು ಪರವಾನಗಿ. ಊರಿನೊಳಗೆ ಪತ್ರವೂ ಬೇಕಿರಲಿಲ್ಲ. ಗೌಡರ ಪಡಸಾಲೆಯಲ್ಲಿ ಯಾರು ಮೇಲೆ, ಯಾರು ಅಂಗಳದಲ್ಲಿ ಎಂಬುದನ್ನು ಜಾತಿಯೇ ಹೇಳುತ್ತಿತ್ತು.

ಕೂತವರು ಸುಮ್ಮನೆ ಕೂರುವುದೂ ಇಲ್ಲ. ಹಿಂದಿನ ಎರಡು ಕಾಲಿನ ಮೇಲೆ ವಾಲಿದಾಗ ಏನಾಗುತ್ತದೆ? 60 ಕಿಲೋ ಮೈಭಾರದಲ್ಲಿ ಒಂದು ಬದಿಯ ಪಟ್ಟಿಗೆ 30 ಎನ್ನೋಣ, ಅದು ಹಿಂಗಾಲಿನಿಂದ 15 ಸೆಂಟಿಮೀಟರ್ ಮುಂದೆ ಬೀಳುತ್ತದೆ. ತೂತಿನೊಳಗೆ ಅದನ್ನು ತಡೆಯುವ ಮೇಲಿನ ಮತ್ತು ಕೆಳಗಿನ ಬಿಂದುಗಳ ನಡುವೆ ಇರುವುದು 4 ಸೆಂಟಿಮೀಟರ್. 30 ಗುಣಿಸು 15, ಭಾಗಿಸು 4: ಆ ಚೂರು ಜಾಗದಲ್ಲಿ 110 ಕಿಲೋ ಮೀರಿದ ಒತ್ತಡ. ಕೆಳಗೆ ಕಾಲುಗಳ ನಡುವೆ ಇನ್ನೊಂದು ಅಡ್ಡಪಟ್ಟಿ ಇದ್ದರೆ ಅದು ಭಾರದಲ್ಲಿ ಪಾಲು ಪಡೆಯುತ್ತದೆ. ನೋಟಕ್ಕೆ ಚಂದ ಎಂದು ಅದನ್ನು ಬಿಡಿಸುವವರು ಇದನ್ನು ಯೋಚಿಸುವುದಿಲ್ಲ.

ಜರ್ಮನ್ ಮೂಲದ ಖುರ್ಚಿ ತಯಾರಕ ಮೈಕೆಲ್ ಥೋನೆಟ್ ಈ ತೂತು-ತುದಿಯ ಜೋಡಣೆಯನ್ನೇ ಕಿತ್ತುಹಾಕಿದ. 1859ರ ಅವನ 14ನೇ ನಂಬರಿನ ಖುರ್ಚಿಯಲ್ಲಿ ಬೀಚ್ ಕಟ್ಟಿಗೆಯ ಆರು ತುಂಡು, ಹತ್ತು ಸ್ಕ್ರೂ, ಎರಡು ನಟ್ಟು. ಹಬೆಯಲ್ಲಿ ಮೆತ್ತಗೆ ಮಾಡಿ ಬಗ್ಗಿಸಿದ್ದರಿಂದ ಹಿಂಗಾಲು ಮತ್ತು ಬೆನ್ನು ಒಂದೇ ಕಟ್ಟಿಗೆ. ಬಿಚ್ಚಿಟ್ಟರೆ ಒಂದು ಘನಮೀಟರ್ ಪೆಟ್ಟಿಗೆಯಲ್ಲಿ 36 ಖುರ್ಚಿ. ಸಡಿಲಾದರೆ ಸ್ಕ್ರೂ ತಿರುವಿದರೆ ಮುಗಿಯಿತು. 1972ರಲ್ಲಿ ಫ್ರಾನ್ಸಿನ ಹೆನ್ರಿ ಮಸೊನೆ ಸ್ಕ್ರೂವನ್ನೂ ಬಿಟ್ಟ: ಇಡೀ ಖುರ್ಚಿ ಒಂದೇ ಅಚ್ಚಿನಲ್ಲಿ, ಎರಡು ನಿಮಿಷದೊಳಗೆ. ಮದುವೆಯ ಪೆಂಡಾಲಿನಲ್ಲಿ ಅಟ್ಟಿ ಇಳಿಯುವ ಪಾಲಿಪ್ರೊಪಿಲೀನ್ ಖುರ್ಚಿಗಳು ಅದರ ವಂಶದವು. ಅವಕ್ಕೆ ಮಳೆ ಏನೂ ಮಾಡುವುದಿಲ್ಲ, ಬಿಸಿಲು ಮಾಡುತ್ತದೆ. ಅತಿನೇರಳೆ ಕಿರಣ ಆ ಪ್ಲಾಸ್ಟಿಕ್ಕಿನ ಉದ್ದ ಸರಪಳಿಗಳನ್ನು ತುಂಡರಿಸುತ್ತದೆ. ಮೇಲ್ಮೈ ಸುಣ್ಣ ಹಚ್ಚಿದಂತೆ ಬೆಳ್ಳಗಾಗಿ ಕೈಗೆ ಪುಡಿ ಹತ್ತಿದರೆ ಅದರಲ್ಲಿ ದಪ್ಪ ಮೈಯವರನ್ನು ಕೂರಿಸಬೇಡಿ, ಹಿಂಗಾಲು ಸೀಟಿಗೆ ಸೇರುವ ಮೂಲೆ ಸೂಚನೆಯಿಲ್ಲದೆ ಮುರಿಯುತ್ತದೆ.

ಕಟ್ಟಿಗೆಯದನ್ನು ರಿಪೇರಿ ಮಾಡಲು ತಕ್ಕ ಕಾಲ ನವೆಂಬರ್-ಡಿಸೆಂಬರ್. ಆಗಸ್ಟಿನಲ್ಲಿ ಉಬ್ಬಿದ ತುದಿಗೆ ಸರಿಯಾಗಿ ಕೂರಿಸಿದರೆ ಏಪ್ರಿಲ್‌ನಲ್ಲಿ ಸಂದಿ. ಏಪ್ರಿಲ್‌ನಲ್ಲಿ ಗಚ್ಚಾಗಿ ತುರುಕಿದರೆ ಮಳೆಗಾಲದಲ್ಲಿ ಮತ್ತೆ ಜಜ್ಜುತ್ತದೆ. ಮೊಳೆ ಹೊಡೆಯಬೇಡಿ, ಸುತ್ತ ಕಟ್ಟಿಗೆ ಆಡುತ್ತಲೇ ಇರುವುದರಿಂದ ತುದಿ ಸೀಳುತ್ತದೆ. ಬಟ್ಟೆ ಸುತ್ತಿದ ಕಟ್ಟಿಗೆ ಸುತ್ತಿಗೆಯಿಂದ ತಟ್ಟಿ ಬಿಚ್ಚಿ. ಒಣಗಿದ ಹಳೇ ಅಂಟಿನ ಮೇಲೆ ಹೊಸದು ಹಿಡಿಯುವುದಿಲ್ಲ, ಕಟ್ಟಿಗೆ ಕಾಣುವವರೆಗೆ ಉಳಿಯಿಂದ ಕೆರೆಯಿರಿ. ತುದಿಯ ಎರಡು ಅಗಲ ಮಗ್ಗುಲಿಗೆ ಅದೇ ಜಾತಿಯ ಕಟ್ಟಿಗೆಯ ತೆಳು ಪದರನ್ನು, ಎಳೆ ಒಂದೇ ದಿಕ್ಕಿಗೆ ಬರುವಂತೆ, ಅಂಟಿಸಿ ಒಣಗಿಸಿ ಕೆತ್ತಿ. ಕೈಯಿಂದ ಒತ್ತಿದರೆ ಅರ್ಧ ಹೋಗಬೇಕು, ಉಳಿದರ್ಧಕ್ಕೆ ಹಗುರಾಗಿ ತಟ್ಟಬೇಕು. ಹಿಡಿತ ಸಿಗುವುದು ಈ ಮಗ್ಗುಲುಗಳಲ್ಲಿ, ಆದ್ದರಿಂದ ಮೇಲ್ಗಡೆ ಅರ್ಧ ಮಿಲಿಮೀಟರ್ ಜಾಗ ಬಿಡಿ. ತೂತಿಗೂ ತುದಿಗೂ ಬಿಳಿ ಅಂಟು ತೆಳ್ಳಗೆ ಸವರಿ, ಕ್ಲ್ಯಾಂಪ್ ಇಲ್ಲದಿದ್ದರೆ ಕಾಲುಗಳಿಗೆ ಹಗ್ಗ ಸುತ್ತಿ ನಡುವೆ ಕೋಲು ತೂರಿಸಿ ತಿರುವಿ. ಮೂಲೆಯಿಂದ ಮೂಲೆಗೆ ಎರಡೂ ಕರ್ಣ ಅಳೆದು ಸಮ ಇವೆಯೇ ನೋಡಿ, 24 ಗಂಟೆ ಕೂರಬೇಡಿ.

ಪಾಲಿಶನ್ನು ಕಾಣುವ ಕಡೆ ಮಾತ್ರ ಹೊಡೆದು ಬಿಡುವುದು ರೂಢಿ. ತೇವ ಬೇಗ ಹೀರುವುದು ಎಳೆಗಳು ಕತ್ತರಿಸಿದ ಕಡೆ, ಅಂದರೆ ಕಾಲಿನ ತಳದಲ್ಲಿ. ನೆಲ ಒರೆಸಿದ ನೀರು ದಿನವೂ ಮುಟ್ಟುವುದು ಅದನ್ನೇ. ಖುರ್ಚಿಯನ್ನು ತಲೆಕೆಳಗು ಮಾಡಿ ತಳಕ್ಕೂ ಸೀಟಿನ ಅಡಿಗೂ ಎರಡು ಕೈ ಹೊಡೆಯಿರಿ. ಒಣಗಿದ ಮೇಲೆ ರಬ್ಬರ್ ಬೂಟು ಹಾಕುವುದಿದ್ದರೆ ಆಗಾಗ ತೆಗೆದು ಒಳಗೆ ನಿಂತ ನೀರು ಚೆಲ್ಲಿ.