ದಿಕ್ಕು ತಪ್ಪಿದರೆ ಅರ್ಥ ಕೆಡುವ ಸಂಕೇತ: ನಿಸ್ತಂತು ಗುಟ್ಟಿನ ನೂರಿಪ್ಪತ್ತು ವರ್ಷ

ಬಳ್ಳಾರಿಯಿಂದ ತೋರಣಗಲ್ಲಿನ ಕಡೆಗೆ ಹೊರಟರೆ ರಸ್ತೆಯ ಎರಡೂ ಬದಿಯ ತಾರಸಿಗಳ ಮೇಲೆ ಅಡಿ ಅಗಲದ ಬಿಳಿ ಡಿಶ್‌ಗಳು ಕಾಣುತ್ತವೆ. ಟಿವಿಯ ಡಿಶ್‌ಗಳು ಆಕಾಶ ನೋಡುತ್ತವೆ. ಇವು ಒಂದನ್ನೊಂದು ನೋಡುತ್ತವೆ. ಕೇಬಲ್ ಎಳೆಯಲಾಗದ ಕಡೆ ಒಂದು ಕಟ್ಟಡದ ಇಂಟರ್ನೆಟ್ಟನ್ನು ಇನ್ನೊಂದಕ್ಕೆ ದಾಟಿಸುವ ಕೆಲಸ ಇವುಗಳದ್ದು. ಲಾರಿಗಳ ತೂಕದ ಚೀಟಿ, ನರ್ಸಿಂಗ್ ಹೋಮಿನ ವರದಿ, ಸಹಕಾರ ಸಂಘದ ಲೆಕ್ಕ ಎಲ್ಲವೂ ಹೀಗೆ ಗಾಳಿಯಲ್ಲೇ ಹೋಗುತ್ತವೆ. ಡಿಶ್ ಕೂರಿಸುವ ಹುಡುಗರು ಕ್ಲಾಂಪಿನ ಬೋಲ್ಟನ್ನು ಅರ್ಧ ಸುತ್ತು ಸಡಿಲಿಸಿ, ಮೊಬೈಲ್ ಪರದೆಯಲ್ಲಿ ಸಿಗ್ನಲ್ಲಿನ ಅಂಕಿ ನೋಡುತ್ತಾ, ಎದುರು ತಾರಸಿಯಲ್ಲಿರುವವನಿಗೆ ಫೋನಿನಲ್ಲೇ "ಅಣ್ಣಾ, ಇನ್ನೊಂದು ಚೂರು ಎಡಕ್ಕೆ" ಎನ್ನುತ್ತಾರೆ. ಇದನ್ನು ಯಾರಾದರೂ ಕದ್ದು ಕೇಳಬಹುದೇ ಎಂದು ವಿಚಾರಿಸಿದರೆ ಸಿಗುವ ಉತ್ತರ ಒಂದೇ: "ಡಿಶ್ ಅವರ ಕಡೆಗೇ ಇದೆಯಲ್ಲ ಸರ್, ಬೇರೆಯವರಿಗೆ ಹೇಗೆ ಸಿಗುತ್ತದೆ?"

ಸಿಗುತ್ತದೆ. ಯಾವ ಆಂಟೆನಾವೂ ತನ್ನ ಶಕ್ತಿಯನ್ನೆಲ್ಲ ಒಂದೇ ಕಡೆಗೆ ಕಳುಹಿಸುವುದಿಲ್ಲ. ಮುಖ್ಯ ಕಿರಣದ ಅಕ್ಕಪಕ್ಕ ಸಣ್ಣ ಸಣ್ಣ ಕವಲುಗಳು ಇದ್ದೇ ಇರುತ್ತವೆ. ಅಲ್ಲಿ ಸಿಗ್ನಲ್ ದುರ್ಬಲ, ನಿಜ. ಆದರೆ ಅದು ಹೊತ್ತ ಮಾತು ಅದೇ. ಒಳ್ಳೆಯ ರಿಸೀವರ್ ಇದ್ದವನಿಗೆ ದೌರ್ಬಲ್ಯ ಒಂದು ಅಡ್ಡಿಯೇ ಅಲ್ಲ. ಕಿರಣ ಕಿರಿದಾದರೆ ಗುಟ್ಟು ಉಳಿಯುತ್ತದೆ ಎಂಬ ಭರವಸೆಯಾಗಲಿ, ಅದು ಹುಸಿಯಾಗುವುದಾಗಲಿ ನಿಸ್ತಂತು ಸಂಪರ್ಕದಷ್ಟೇ ಹಳೆಯವು. ದಿಕ್ಕು ತಪ್ಪಿದವನ ಕೈಗೆ ಸಿಗ್ನಲ್ ಸಿಕ್ಕರೂ ಅದರ ಅರ್ಥ ಸಿಗದಂತೆ ಮಾಡುವ ಡೈರೆಕ್ಷನಲ್ ಮಾಡ್ಯುಲೇಶನ್ ಎಂಬ ವಿದ್ಯೆಯ ಕಥೆ ಇದು.

1903ರ ಜೂನ್. ಲಂಡನ್ನಿನ ರಾಯಲ್ ಇನ್‌ಸ್ಟಿಟ್ಯೂಷನ್ನಿನಲ್ಲಿ ಮಾರ್ಕೋನಿಯ ಸಲಹೆಗಾರ ಜಾನ್ ಆಂಬ್ರೋಸ್ ಫ್ಲೆಮಿಂಗ್ ಉಪನ್ಯಾಸ ಕೊಡುತ್ತಿದ್ದರು. ನೂರಾರು ಮೈಲಿ ದೂರದ ಕಾರ್ನ್‌ವಾಲ್ ಕರಾವಳಿಯ ಪೋಲ್ಡ್ಯೂ ಕೇಂದ್ರದಿಂದ ಮಾರ್ಕೋನಿ ಕಳುಹಿಸುವ ಸಂದೇಶ ಸಭೆಯ ಎದುರೇ ಬಂದು ಇಳಿಯಬೇಕಿತ್ತು. ತನ್ನ ಯಂತ್ರವನ್ನು ಒಂದೇ ಆವರ್ತನಕ್ಕೆ ಶ್ರುತಿ ಮಾಡಿರುವುದರಿಂದ ಬೇರೆಯವರು ಅದರಲ್ಲಿ ಕೈಹಾಕಲಾರರು ಎಂಬುದು ಮಾರ್ಕೋನಿಯ ವಾದವಾಗಿತ್ತು. ಆದರೆ ಅವನ ಸಂದೇಶ ಬರುವ ಮೊದಲೇ ಯಂತ್ರ ಮೋರ್ಸ್ ಸಂಕೇತದಲ್ಲಿ 'ಇಲಿಗಳು, ಇಲಿಗಳು' ಎಂದು ಬಡಿಯತೊಡಗಿತು. ಹಿಂದೆಯೇ ಮಾರ್ಕೋನಿಯನ್ನು ಗೇಲಿ ಮಾಡುವ ಪದ್ಯ ಬಂತು. ಇದನ್ನು ಮಾಡಿದವನು ನೆವಿಲ್ ಮ್ಯಾಸ್ಕಲೀನ್ ಎಂಬ ಜಾದೂಗಾರ. ಅವನ ಬೆನ್ನಿಗೆ ಸಮುದ್ರದಡಿ ತಂತಿ ಹಾಸಿದ್ದ ಟೆಲಿಗ್ರಾಫ್ ಕಂಪನಿಯಿತ್ತು. ಹಿಂದಿನ ವರ್ಷವೇ ಪೋಲ್ಡ್ಯೂ ಸಮೀಪ ಕಂಬ ನೆಟ್ಟು, ಮಾರ್ಕೋನಿಯ ಸಂದೇಶಗಳನ್ನು ಹಿಡಿದು ಓದಿದ್ದೇನೆಂದು ಪತ್ರಿಕೆಯಲ್ಲಿ ಬರೆದಿದ್ದವನೂ ಅವನೇ. ಫ್ಲೆಮಿಂಗ್ ಸಿಟ್ಟಿನಿಂದ 'ಟೈಮ್ಸ್' ಪತ್ರಿಕೆಗೆ ಪತ್ರ ಬರೆದಾಗ ಮ್ಯಾಸ್ಕಲೀನ್ ಅದೇ ಪತ್ರಿಕೆಯಲ್ಲಿ ತಾನೇ ಮಾಡಿದೆನೆಂದು ಒಪ್ಪಿಕೊಂಡ. ಅವನ ನಡತೆ ಒರಟಾಗಿತ್ತು, ಒಪ್ಪೋಣ. ಆದರೆ ಅವನು ಎತ್ತಿ ತೋರಿಸಿದ ಸತ್ಯಕ್ಕೆ ಮಾರ್ಕೋನಿಯ ಬಳಿ ಉತ್ತರವಿರಲಿಲ್ಲ: ರೇಡಿಯೊ ಎಂದರೆ ಊರ ಮಧ್ಯೆ ಸಾರಿದ ಡಂಗುರ, ಕಿವಿಯಿದ್ದವರಿಗೆಲ್ಲ ಕೇಳಿಸುತ್ತದೆ.

ದಿಕ್ಕಿನ ಯೋಚನೆ ಹುಟ್ಟಿದ್ದೂ ಆ ದಿನಗಳಲ್ಲೇ. 1905ರಲ್ಲಿ ಜರ್ಮನಿಯ ಭೌತವಿಜ್ಞಾನಿ ಫರ್ಡಿನಾಂಡ್ ಬ್ರೌನ್ ಮೂರು ಆಂಟೆನಾಗಳನ್ನು ತ್ರಿಕೋನದ ಮೂಲೆಗಳಲ್ಲಿ ನಿಲ್ಲಿಸಿ, ಅವುಗಳಿಗೆ ಕೊಡುವ ವಿದ್ಯುತ್ತಿನ ಫೇಸ್, ಅಂದರೆ ಏರಿಳಿತದ ಹಂತ, ಹೊಂದಿಸಿ, ಅಲೆ ಒಂದು ಕಡೆಗೆ ಹೆಚ್ಚು, ಇನ್ನೊಂದು ಕಡೆಗೆ ಕಡಿಮೆ ಹೋಗುವಂತೆ ಮಾಡಿದ. ಆಂಟೆನಾ ಸಾಲುಗಳ ವಂಶವೃಕ್ಷ ಅಲ್ಲಿಂದ ಶುರು. 1909ರಲ್ಲಿ ನೊಬೆಲ್ ಬಹುಮಾನವನ್ನು ಮಾರ್ಕೋನಿಯೂ ಬ್ರೌನ್‌ನೂ ಹಂಚಿಕೊಂಡರು. ಇವರಿಗಿಂತ ಮೊದಲು, 1895ರಲ್ಲೇ, ಕಲ್ಕತ್ತೆಯ ಟೌನ್ ಹಾಲಿನಲ್ಲಿ ಅಲೆಯನ್ನು ಗೋಡೆಗಳಾಚೆ ದಾಟಿಸಿ ಗಂಟೆ ಬಾರಿಸಿ ತೋರಿಸಿದ್ದ ಜಗದೀಶಚಂದ್ರ ಬೋಸರು ಮಿಲಿಮೀಟರ್ ಅಳತೆಯ ಅಲೆಗಳ ಮೇಲೆ ಕೆಲಸ ಮಾಡಿದ್ದರು. ಆ ಅಲೆಗಳಿಗೆ ಈ ಕಥೆಯ ಕೊನೆಯ ಭಾಗದಲ್ಲಿ ಮತ್ತೆ ಬೆಲೆ ಬರುತ್ತದೆ. ಎರಡನೇ ಮಹಾಯುದ್ಧದ ರೇಡಾರ್‌ಗಳು ಆಂಟೆನಾವನ್ನು ತಿರುಗಿಸದೆ ಫೇಸ್ ಬದಲಿಸಿಯೇ ಕಿರಣವನ್ನು ಹೊರಳಿಸುವ ವಿದ್ಯೆಯನ್ನು ಪಕ್ವಗೊಳಿಸಿದವು. ಆದರೆ ಇಷ್ಟೆಲ್ಲ ದುಡಿಮೆಯೂ ಶಕ್ತಿ ಎಲ್ಲಿ ಹೋಗಬೇಕು ಎಂಬುದರ ಬಗ್ಗೆಯೇ ಇತ್ತು.

ಗುಟ್ಟಿನ ಹೊಣೆ ಗಣಿತಕ್ಕೆ ಹೋಯಿತು. ಅಮೆರಿಕದ ಗಣಿತಜ್ಞ ಕ್ಲಾಡ್ ಶಾನನ್ 1949ರಲ್ಲಿ ಪ್ರಕಟಿಸಿದ ಪ್ರಬಂಧ ಗೂಢಲಿಪಿಗೆ ಶಾಸ್ತ್ರದ ತಳಹದಿ ಹಾಕಿತು. ಸಂದೇಶದಷ್ಟೇ ಉದ್ದದ, ಯಾವ ಕ್ರಮವೂ ಇಲ್ಲದ, ಒಮ್ಮೆ ಮಾತ್ರ ಬಳಸುವ ಗುಟ್ಟಿನ ಕೀಲಿಯಿದ್ದರೆ ಸಂದೇಶವನ್ನು ಯಾರೂ ಒಡೆಯಲಾರರು ಎಂದು ಅವರು ಸಾಧಿಸಿ ತೋರಿಸಿದರು. ಅಷ್ಟುದ್ದದ ಕೀಲಿಯನ್ನು ಇಬ್ಬರಿಗೂ ಮೊದಲೇ ಮುಟ್ಟಿಸುವುದು ಯಾರಿಗೆ ಸಾಧ್ಯ? ಆದ್ದರಿಂದ ಲೋಕ ಚಿಕ್ಕ ಕೀಲಿಗಳಿಗೆ ಒಗ್ಗಿಕೊಂಡಿತು; ಒಡೆಯಲು ಬಹಳ ಕಷ್ಟ ಎಂಬ ನಂಬಿಕೆಯೇ ಅವುಗಳ ಕಾವಲು. ಆ ನಂಬಿಕೆ ಆಗಾಗ ಕುಸಿದಿದೆ. ವೈಫೈಯ ಮೊದಲ ಬೀಗವಾದ ವೆಪ್ 2001ರಲ್ಲಿ ಮುರಿಯಿತು. ಅದರ ಜಾಗಕ್ಕೆ ಬಂದ ಡಬ್ಲ್ಯೂಪಿಎ2ರಲ್ಲಿ 2017ರಲ್ಲಿ ದೋಷ ಪತ್ತೆಯಾಯಿತು. ಕ್ವಾಂಟಂ ಕಂಪ್ಯೂಟರ್ ಸಿದ್ಧವಾದರೆ ಇಂದಿನ ಹಲವು ಕೀಲಿ ವಿನಿಮಯ ವಿಧಾನಗಳು ಬೀಳುತ್ತವೆ ಎಂಬುದು 1994ರಲ್ಲಿ ಪೀಟರ್ ಶೋರ್ ತೋರಿಸಿದ ಲೆಕ್ಕದಿಂದ ಗೊತ್ತಾಗಿದೆ. ಇಂದು ಗಾಳಿಯಿಂದ ಹಿಡಿದು ಸಂಗ್ರಹಿಸಿಟ್ಟ ಸಂಕೇತವನ್ನು ನಾಳೆ ಒಡೆಯಬಹುದು ಎಂಬುದೇ ನನ್ನನ್ನು ಹೆಚ್ಚು ಕಾಡುವ ವಿಚಾರ. ರೋಗಿಯೊಬ್ಬರ ವರದಿ ಹತ್ತು ವರ್ಷ ಕಳೆದರೂ ಗುಟ್ಟಾಗಿಯೇ ಇರಬೇಕಲ್ಲವೇ?

1975ರಲ್ಲಿ ಬೆಲ್ ಪ್ರಯೋಗಾಲಯದ ಆರನ್ ವೈನರ್ ಬೇರೆ ಬಾಗಿಲನ್ನು ತೆರೆದರು. ಕದ್ದಾಲಿಸುವವನಿಗೆ ತಲುಪುವ ಸಂಕೇತ ಅಸಲಿ ರಿಸೀವರಿಗೆ ತಲುಪುವುದಕ್ಕಿಂತ ಹೆಚ್ಚು ಕೆಟ್ಟಿದ್ದರೆ ಕೀಲಿಯೇ ಇಲ್ಲದೆಯೂ ಗುಟ್ಟು ಕಾಯಬಹುದು ಎಂದು ಅವರು ತೋರಿಸಿದರು. 1978ರಲ್ಲಿ ಚಿಸಾರ್ ಮತ್ತು ಕ್ಯೋರ್ನರ್ ಅದನ್ನು ಇನ್ನೂ ವಿಸ್ತರಿಸಿದರು. ಆದರೆ ಕದಿಯುವವನ ಸಂಕೇತವನ್ನು ಕೆಡಿಸುವುದು ಹೇಗೆ? ಅವನು ಟವರಿನ ಹತ್ತಿರವೇ ನಿಂತರೆ? ಈ ಪ್ರಶ್ನೆ ಬಹುಕಾಲ ಹಾಗೆಯೇ ಉಳಿಯಿತು.

ಉತ್ತರ ಆಂಟೆನಾ ಕಡೆಯಿಂದ ಬಂತು. ಎಲಿ ಬಗ್ದಾದಿ ಎಂಬ ಎಂಜಿನಿಯರ್ 1990ರಲ್ಲೇ, ದೂರದೂರ ನಿಲ್ಲಿಸಿದ ಆಂಟೆನಾಗಳ ನಡುವೆ ಸ್ವಿಚ್ ಬದಲಿಸುತ್ತಾ ಸಂಕೇತವನ್ನು ದಿಕ್ಕಿಗೆ ಕಟ್ಟಿಹಾಕಬಹುದೆಂದು ಬರೆದಿದ್ದರು. 2008ರಲ್ಲಿ ಕ್ಯಾಲಿಫೋರ್ನಿಯಾದ ಕ್ಯಾಲ್‌ಟೆಕ್ ಸಂಸ್ಥೆಯ ಬಾಬಾಖಾನಿ, ರಟ್ಲೆಜ್ ಮತ್ತು ಹಾಜಿಮಿರಿ 60 ಗಿಗಾಹರ್ಟ್ಸ್‌ನ ಚಿಪ್ ಒಂದರಲ್ಲಿ ಆಂಟೆನಾದ ಪಕ್ಕದಲ್ಲೇ ಪುಟ್ಟ ಪ್ರತಿಫಲಕಗಳನ್ನಿಟ್ಟು, ಅವುಗಳ ಸ್ವಿಚ್‌ಗಳನ್ನು ಹಾಕಿ ತೆಗೆದು ಸಂಕೇತವನ್ನು ಗಾಳಿಯಲ್ಲೇ ರೂಪಿಸಿದರು. ಮರುವರ್ಷ ಇಲಿನಾಯ್ ವಿಶ್ವವಿದ್ಯಾಲಯದ ಮೈಕೆಲ್ ಡೇಲಿ ಮತ್ತು ಜೆನಿಫರ್ ಬರ್ನ್‌ಹಾರ್ಡ್ ಅದನ್ನು ಮಾಮೂಲು ಆಂಟೆನಾ ಸಾಲಿಗೆ ತಂದರು. ಡೈರೆಕ್ಷನಲ್ ಮಾಡ್ಯುಲೇಶನ್ ಎಂಬ ಹೆಸರು ಎಂಜಿನಿಯರ್‌ಗಳ ಬಾಯಲ್ಲಿ ನೆಲೆಯಾದದ್ದು ಅಂದಿನಿಂದ.

ಇದರ ಒಳಗುಟ್ಟನ್ನು ಕರಿಹಲಗೆಯ ಮೇಲೆ ಎರಡೇ ಆಂಟೆನಾ ಬರೆದು ತೋರಿಸಬಹುದು. ಬಳ್ಳಾರಿಯಲ್ಲಿ ಎಲೆಕ್ಟ್ರಾನಿಕ್ಸ್ ಪಾಠ ಮಾಡುವ ನಾನು ಅಂತಿಮ ವರ್ಷದವರಿಗೆ ಹೀಗೆಯೇ ಹೇಳುತ್ತೇನೆ. 2.4 ಗಿಗಾಹರ್ಟ್ಸ್‌ನಲ್ಲಿ ತರಂಗಾಂತರ 12.5 ಸೆಂಟಿಮೀಟರ್, ಅದರ ಅರ್ಧ, 6.25 ಸೆಂಟಿಮೀಟರ್ ಅಂತರದಲ್ಲಿ ಎರಡು ಆಂಟೆನಾ ನಿಲ್ಲಿಸೋಣ. ಸಂದೇಶದ ಪ್ರತಿ ಬಿಟ್, ಅಂದರೆ ಒಂದು ಅಥವಾ ಸೊನ್ನೆ, ಅಲೆಯ ಚಿಹ್ನೆಯಲ್ಲಿ ಹೋಗುತ್ತದೆ: ಪ್ಲಸ್ ಆದರೆ ಒಂದು, ಮೈನಸ್ ಆದರೆ ಸೊನ್ನೆ; ಮುಂದಿನ ಮೊತ್ತಗಳು ಪ್ಲಸ್ ಕಳುಹಿಸಿದಾಗಿನವು. ಪ್ರತಿ ಬಿಟ್‌ಗೂ ಒಂದರ ಫೇಸನ್ನು 60 ಡಿಗ್ರಿ ಮುಂದಕ್ಕೆ, ಇನ್ನೊಂದರದ್ದನ್ನು 60 ಡಿಗ್ರಿ ಹಿಂದಕ್ಕೆ ತಳ್ಳೋಣ. ಯಾವುದು ಮುಂದೆ, ಯಾವುದು ಹಿಂದೆ ಎಂಬುದನ್ನು ಪ್ರತಿಸಲ ನಾಣ್ಯ ಚಿಮ್ಮಿ ತೀರ್ಮಾನಿಸೋಣ. ನೇರ ಎದುರಿಗೆ ನಿಂತವನಿಗೆ ಎರಡು ಅಲೆಗಳೂ ಸಮನಾಗಿ ಸೇರುತ್ತವೆ: ನಾಣ್ಯ ಹೇಗೇ ಬೀಳಲಿ, ಮೊತ್ತ 1. ಬಿಟ್ ತಪ್ಪಿಲ್ಲದೆ ಸಿಗುತ್ತದೆ. ಈಗ 30 ಡಿಗ್ರಿ ಪಕ್ಕಕ್ಕೆ ಸರಿದು ನಿಲ್ಲಿ. ಒಂದು ಅಲೆಗೆ ದಾರಿ ಉದ್ದವಾಗಿ ಎರಡರ ನಡುವೆ 90 ಡಿಗ್ರಿ ಫೇಸ್ ವ್ಯತ್ಯಾಸ ಕೂಡಿಕೊಳ್ಳುತ್ತದೆ. ಆಗ ಮೊತ್ತ ಒಮ್ಮೆ 1.93, ಇನ್ನೊಮ್ಮೆ ಮೈನಸ್ 0.52. ಆ ಮೈನಸ್ ಚಿಹ್ನೆಯೇ ಸೊನ್ನೆಯನ್ನು ಒಂದಾಗಿಸುತ್ತದೆ, ಒಂದನ್ನು ಸೊನ್ನೆಯಾಗಿಸುತ್ತದೆ. ಕದಿಯುವವನಿಗೆ ಸಿಗ್ನಲ್ ಸಿಗುತ್ತದೆ, ಕೆಲವೊಮ್ಮೆ ನಮ್ಮವನಿಗಿಂತ ಜೋರಾಗಿಯೇ ಸಿಗುತ್ತದೆ. ಆದರೆ ಬಿಟ್‌ಗಳು ಕಲಸಿಹೋಗಿರುತ್ತವೆ.

ಈ ಲೆಕ್ಕ ಬರೆದು ಮುಗಿಸಿದಾಗ ಸಿಂಧನೂರಿನಿಂದ ಬಂದ ವಿದ್ಯಾರ್ಥಿನಿಯೊಬ್ಬಳು ಎದ್ದು ನಿಂತು ಕೇಳಿದಳು: "ಸರ್, 1.93 ಬಂದಾಗ ಹಾಗೆಯೇ ಓದಿ, 0.52 ಬಂದಾಗ ತಿರುಗಿಸಿ ಓದಿದರೆ ಆಯಿತಲ್ಲವೇ?"

ಅವಳ ಮಾತು ನೂರಕ್ಕೆ ನೂರು ಸರಿ. ಸಿಗ್ನಲ್ಲಿನ ಎತ್ತರವೇ ನಾಣ್ಯ ಹೇಗೆ ಬಿದ್ದಿತೆಂದು ಹೇಳಿಬಿಡುತ್ತದೆ. ಎರಡೇ ಆಂಟೆನಾ, ಎರಡೇ ಆಯ್ಕೆ ಇದ್ದರೆ ಜಾಣನಿಗೆ ಅದು ಬೀಗವೇ ಅಲ್ಲ. ಈ ವಿದ್ಯೆಯ ಮುಂದಿನ ಚರಿತ್ರೆಯನ್ನು ಅವಳ ಪ್ರಶ್ನೆಗೆ ಸಿಕ್ಕ ಉತ್ತರಗಳ ಸಾಲು ಎಂದೇ ಓದಬಹುದು. ಆಂಟೆನಾ ಹೆಚ್ಚಿಸಿ, ಫೇಸುಗಳನ್ನು ಪ್ರತಿ ಬಿಟ್‌ಗೂ ಹೊಸದಾಗಿ, ಯಾವ ಕ್ರಮವೂ ಇಲ್ಲದಂತೆ ಆರಿಸಿದರೆ ಪಕ್ಕದ ದಿಕ್ಕುಗಳಲ್ಲಿ ಮೊತ್ತ ಎರಡು ಬೆಲೆಗಳಲ್ಲಿ ನಿಲ್ಲದೆ ಎಲ್ಲೆಡೆ ಚೆದುರುತ್ತದೆ. ಉತ್ತರ ಐರ್ಲೆಂಡಿನ ಕ್ವೀನ್ಸ್ ವಿಶ್ವವಿದ್ಯಾಲಯದ ಯುವಾನ್ ಡಿಂಗ್ ಮತ್ತು ವಿನ್ಸೆಂಟ್ ಫಸ್ಕೊ ಈ ಕ್ಷೇತ್ರಕ್ಕೆ ಗಟ್ಟಿಯಾದ ಗಣಿತದ ಚೌಕಟ್ಟು ಕೊಟ್ಟರು. ಅಸಲಿ ದಿಕ್ಕಿನಲ್ಲಿ ಮಾತ್ರ ಸೊನ್ನೆಯಾಗಿ ಉಳಿದೆಡೆ ಗದ್ದಲವಾಗುವ ಅಂಶವೊಂದನ್ನು ಸಂದೇಶಕ್ಕೆ ಬೆರೆಸುವುದೇ ಅದರ ತಿರುಳು. ಇದು 2008ರಲ್ಲಿ ಗೋಯಲ್ ಮತ್ತು ನೇಗಿ ಮಂಡಿಸಿದ್ದ ಕೃತಕ ಗದ್ದಲದ ವಿಚಾರಕ್ಕೆ ಒಡಹುಟ್ಟು. ಹೀಗೆ ಆಂಟೆನಾದವರ ದಾರಿಯೂ ವೈನರ್ ತೆರೆದ ದಾರಿಯೂ ಒಂದುಗೂಡಿದವು. 2013ರಲ್ಲಿ ವಲ್ಲಿಯಪ್ಪನ್, ಲೊಜಾನೊ ಮತ್ತು ಹೀತ್ ಮಿಲಿಮೀಟರ್ ಅಲೆಗಳಿಗಾಗಿ ಅಗ್ಗದ ಉಪಾಯವೊಂದನ್ನು ಸೂಚಿಸಿದರು: ದೊಡ್ಡ ಸಾಲಿನಲ್ಲಿ ಪ್ರತಿಸಲ ಬೇರೆ ಬೇರೆ ಗುಂಪಿನ ಆಂಟೆನಾಗಳನ್ನಷ್ಟೇ ಹೊತ್ತಿಸುವುದು. ಅಲೆ ಚಿಕ್ಕದಾದಷ್ಟೂ ಆಂಟೆನಾಗಳು ಒತ್ತೊತ್ತಾಗಿ ಕೂರುತ್ತವೆ. 28 ಗಿಗಾಹರ್ಟ್ಸ್‌ನಲ್ಲಿ ಅರ್ಧ ತರಂಗಾಂತರ 5.4 ಮಿಲಿಮೀಟರ್ ಮಾತ್ರ, ಅಂಗೈಯಗಲದಲ್ಲಿ ನೂರಕ್ಕೂ ಹೆಚ್ಚು ಆಂಟೆನಾ ಹಿಡಿಸುತ್ತವೆ.

ಇದಕ್ಕೆ ತೆರಬೇಕಾದ ಬೆಲೆಯೂ ಇದೆ. ನಮ್ಮ ಉದಾಹರಣೆಯಲ್ಲಿ ಎರಡು ಆಂಟೆನಾ ಒಂದೇ ಫೇಸಿನಲ್ಲಿದ್ದಿದ್ದರೆ ಮೊತ್ತ 2 ಆಗುತ್ತಿತ್ತು. 1 ಎಂದರೆ ಶಕ್ತಿಯಲ್ಲಿ ಕಾಲು ಭಾಗ. ಉಳಿದದ್ದು ಗುಟ್ಟಿನ ಖರ್ಚು. ಕದಿಯುವವನೂ ಹಲವು ಆಂಟೆನಾ ತಂದು ಗದ್ದಲವನ್ನು ಕಳೆದು ಹಾಕಬಲ್ಲ. ಅವನು ಅದೇ ದಿಕ್ಕಿನಲ್ಲಿ, ಅಸಲಿ ರಿಸೀವರಿನ ಮುಂದೋ ಹಿಂದೋ ನಿಂತರೆ ಕೇವಲ ದಿಕ್ಕನ್ನು ನಂಬಿದ ಸಾಲು ಏನೂ ಮಾಡಲಾರದು. ಪ್ರತಿ ಆಂಟೆನಾಗೂ ಕೊಂಚ ಬೇರೆ ಆವರ್ತನ ಕೊಟ್ಟು ದೂರವನ್ನೂ ಲೆಕ್ಕಕ್ಕೆ ತರುವ ಪ್ರಯತ್ನ ನಡೆದಿದೆ, ಆದರೆ ಆ ಮಾದರಿ ಸಮಯದೊಂದಿಗೆ ಸರಿಯುತ್ತಲೇ ಇರುತ್ತದೆಂಬ ಆಕ್ಷೇಪಕ್ಕೆ ತೃಪ್ತಿಕರ ಉತ್ತರ ನನಗೆ ಕಂಡಿಲ್ಲ. 2018ರಲ್ಲಿ ಅಮೆರಿಕದ ಬ್ರೌನ್ ವಿಶ್ವವಿದ್ಯಾಲಯದ ಡೇನಿಯಲ್ ಮಿಟಲ್‌ಮನ್ ತಂಡ, ಮಿಲಿಮೀಟರ್ ಅಲೆಗಳಿಗಿಂತಲೂ ಚಿಕ್ಕದಾದ ಟೆರಾಹರ್ಟ್ಸ್ ಅಲೆಗಳ ಅತಿ ಕಿರಿದಾದ ಕಿರಣದ ಅಂಚಿಗೆ ಚಿಕ್ಕ ವಸ್ತುವೊಂದನ್ನಿಟ್ಟು, ಅದರಿಂದ ಚೆದುರಿದ ಅಲೆಯನ್ನೇ ಬೇರೆಡೆಯಿಂದ ಓದಬಹುದೆಂದು ತೋರಿಸಿತು. ತಾರಸಿಯ ಹುಡುಗರ ನಂಬಿಕೆಗೆ ಪ್ರಯೋಗಾಲಯದ ಉತ್ತರ ಅದು.

ನಮ್ಮ ಜಿಲ್ಲೆಗಳಿಗೆ ಇದರಿಂದ ಏನು ಬಂತು? ರಾಯಚೂರಿನ ಎರೆ ಬಯಲು ಈ ವಿದ್ಯೆಗೆ ಹೇಳಿ ಮಾಡಿಸಿದ ನೆಲ. ಬೆಂಗಳೂರಿನಂಥ ಊರಿನಲ್ಲಿ ಅಲೆ ಹತ್ತು ಗೋಡೆಗಳಿಗೆ ತಾಗಿ ಹತ್ತು ದಿಕ್ಕಿನಿಂದ ಬರುತ್ತದೆ, ಅಲ್ಲಿ ದಿಕ್ಕು ಎಂಬ ಮಾತೇ ಸಡಿಲಾಗುತ್ತದೆ. ಇಲ್ಲಿ ಎರಡು ಕಂಬಗಳ ನಡುವೆ ನೇರ ನೋಟ ಸಿಗುತ್ತದೆ. ಆದರೆ ಏನನ್ನು ಗುಟ್ಟಾಗಿಡಬೇಕು ಎಂಬುದನ್ನು ಮೊದಲು ತೀರ್ಮಾನಿಸಬೇಕು. ಮುನಿರಾಬಾದಿನಿಂದ ಹೊರಟು ಕೊಪ್ಪಳ, ರಾಯಚೂರು ಜಿಲ್ಲೆಗಳಿಗೆ ಹರಿಯುವ ತುಂಗಭದ್ರಾ ಎಡದಂಡೆ ಕಾಲುವೆಯ ನೀರಿನ ಮಟ್ಟ ಗುಟ್ಟಾಗಬಾರದು; ಕೊನೆ ಭಾಗದ ರೈತನ ಮೊಬೈಲಿಗೂ ಅದು ತಲುಪಬೇಕು. ಗೇಟು ಎತ್ತು, ಇಳಿಸು ಎಂಬ ಆದೇಶಕ್ಕೆ ಬೇಕಾದದ್ದು ಬೇರೆ: ಅದನ್ನು ಕಳುಹಿಸಿದವರು ಅಧಿಕಾರವಿದ್ದವರೇ ಎಂಬ ಖಾತರಿ. ಡೈರೆಕ್ಷನಲ್ ಮಾಡ್ಯುಲೇಶನ್ ಆ ಖಾತರಿ ಕೊಡುವುದಿಲ್ಲ, ಅದಕ್ಕೆ ಡಿಜಿಟಲ್ ಸಹಿಯೇ ಬೇಕು. ಆಸ್ಪತ್ರೆಯ ವರದಿ, ಬ್ಯಾಂಕ್ ಶಾಖೆಯ ಕೊಂಡಿ, ಉಷ್ಣ ವಿದ್ಯುತ್ ಸ್ಥಾವರದ ಒಳಗಿನ ನಿಯಂತ್ರಣ ಸಂದೇಶ ಇಂಥವಕ್ಕೆ ಗೂಢಲಿಪಿಯ ಮೇಲೆ ಇದೂ ಒಂದು ಪದರವಾಗಿ ಬಂದರೆ, ಪಕ್ಕದ ದಿಕ್ಕಿನಲ್ಲಿ ಒಂಟಿ ಆಂಟೆನಾದೊಂದಿಗೆ ನಿಂತು ಹಿಡಿದಿಟ್ಟವನ ಕೈಯಲ್ಲಿ ಮುಂದೆ ಒಡೆಯಲಿಕ್ಕೂ ಸರಿಯಾದ ಸಂಕೇತ ಇರುವುದಿಲ್ಲ. ನಾನು ಇದನ್ನು ಇಷ್ಟು ಹಚ್ಚಿಕೊಂಡಿರುವುದಕ್ಕೆ ಆ ಒಂದು ಗುಣವೇ ಕಾರಣ.

ಇಂದಿನ ಮೊಬೈಲ್ ಮಾನದಂಡಗಳಲ್ಲಿ ಈ ವಿಧಾನ ಸೇರಿಲ್ಲ. ಆದರೆ ಅದಕ್ಕೆ ಬೇಕಾದ ಸಲಕರಣೆ ಹತ್ತಿರವೇ ಬಂದಿದೆ: 5ಜಿ ಬಂದ ಮೇಲೆ ಟವರುಗಳ ಮೇಲೆ ಕಾಣುವ ಚಪ್ಪಟೆ ಪೆಟ್ಟಿಗೆಗಳ ಒಳಗಿರುವುದು ಆಂಟೆನಾ ಸಾಲೇ. ನಮ್ಮ ಭಾಗದಲ್ಲಿ ನಿಜವಾದ ಎದುರಾಳಿ ಬಿಸಿಲು ಎಂದು ನನ್ನ ಅನಿಸಿಕೆ. ಫೇಸ್ 60 ಡಿಗ್ರಿ ಎಂದರೆ 60 ಡಿಗ್ರಿಯೇ ಇರಬೇಕು. ಮೇ ತಿಂಗಳಲ್ಲಿ ತಾರಸಿಯ ಮೇಲೆ ಕಾದ ಪೆಟ್ಟಿಗೆಯೊಳಗೆ ಆಂಪ್ಲಿಫೈಯರುಗಳ ಫೇಸ್ ಬೆಳಿಗ್ಗೆ ಇದ್ದಲ್ಲಿ ಮಧ್ಯಾಹ್ನ ಇರುವುದಿಲ್ಲ. ಆಗ ಕಲಸಿಹೋಗುವುದು ಅಸಲಿ ರಿಸೀವರಿನ ಬಿಟ್ಟುಗಳೂ ಹೌದು. ತಣ್ಣಗಿನ ಪ್ರಯೋಗಾಲಯದಲ್ಲಿ ಬರೆದ ಪ್ರಬಂಧಗಳು ಇದನ್ನು ಒಂದು ಸಾಲಿನಲ್ಲಿ ದಾಟಿಹೋಗುತ್ತವೆ. ಕಂಪ್ಯೂಟರಿನಿಂದಲೇ ನಿಯಂತ್ರಿಸುವ ಎರಡು ಚಾನೆಲ್ಲಿನ ಸಾಫ್ಟ್‌ವೇರ್ ರೇಡಿಯೊ, ಎರಡು ಆಂಟೆನಾ, ಒಂದು ತಿರುಗುಮೇಜು ಇದ್ದರೆ ಬಳ್ಳಾರಿ, ರಾಯಚೂರಿನ ಯಾವ ಎಂಜಿನಿಯರಿಂಗ್ ಕಾಲೇಜಿನ ತಾರಸಿಯಲ್ಲೂ ಇದನ್ನು ಅಳೆಯಬಹುದು: ಬೆಳಿಗ್ಗೆ ಆರಕ್ಕೊಮ್ಮೆ, ಮಧ್ಯಾಹ್ನ ಎರಡಕ್ಕೊಮ್ಮೆ, ಪ್ರತಿ ಐದು ಡಿಗ್ರಿಗೂ ಎಷ್ಟು ಬಿಟ್ ತಪ್ಪಿದವು ಎಂದು. ಸಿಂಧನೂರಿನ ಹುಡುಗಿ ತನ್ನ ಪ್ರಾಜೆಕ್ಟಿಗೆ ಅದನ್ನೇ ಆರಿಸಿಕೊಂಡಿದ್ದಾಳೆ.